ಮೂರು ಪ್ರತಿಯಲ್ಲಿ ಢಂ

ನನ್ನ ಅಣ್ಣನ ಮೊಮ್ಮಗಳು ಹೋದ ವರ್ಷ ಕಂದಾಯ ಇಲಾಖೆಗೆ ಸೇರಿದಳು. ತರಬೇತಿ ಮುಗಿಸಿ, ಕೊರಳಿಗೆ ಗುರುತಿನ ಚೀಟಿ ಹಾಕಿಕೊಂಡು ಮನೆಗೆ ಬಂದವಳು ಕಾಲು ಮುಟ್ಟಿ ನಮಸ್ಕಾರ ಮಾಡಿ, "ಅಜ್ಜಾ, ಕಚೇರಿಯೊಳಗ ನೀ ಖರೇನ ಏನ್ ಕೆಲಸಾ ಮಾಡತಿದ್ದಿ?" ಎಂದು ಕೇಳಿದಳು. ನಾನು ಮೂವತ್ತೆರಡು ವರ್ಷ ಗುಮಾಸ್ತನಾಗಿದ್ದೆ. ಎರಡು ಬಡ್ತಿ ಬಂದವು, ಎರಡೂ ತಡವಾಗಿ. ಅದರಲ್ಲಿ ಹೇಳುವಂಥದ್ದೇನಿಲ್ಲ. ಪಹಣಿ, ವಾರಸಾ, ದಾಖಲೆ ಕೊಠಡಿಯ ಇಲಿ, ಇವನ್ನೆಲ್ಲ ಆಕೆ ತಾನೇ ಕಲಿಯುತ್ತಾಳೆ. ಆದರೆ ಎಂಬತ್ತರ ದಶಕದ ಮೊದಲಿಗೆ ಒಂದೂವರೆ ವರ್ಷ ನಾನು ಮಾಡಿದ ಕೆಲಸವೊಂದನ್ನು ಯಾವ ತರಬೇತಿಯಲ್ಲೂ ಕಲಿಸುವುದಿಲ್ಲ. ಹಾಡು, ನಾಟಕಗಳನ್ನು ಓದಿ, ಆಕ್ಷೇಪಾರ್ಹವಾದದ್ದನ್ನು ಸಾಹೇಬರಿಗೆ ತೋರಿಸಿ, ಅವರು ಹಾಕಿದ ಕೆಂಪು ಗೆರೆಗಳೊಂದಿಗೆ ಮೂರು ಪ್ರತಿ ಮಾಡುವುದು. ಅದನ್ನಷ್ಟೇ ಬರೆಯುತ್ತೇನೆ.

ಯಾವ ತಾಲೂಕು ಎಂದು ಹೇಳುವುದಿಲ್ಲ. ಧಾರವಾಡ ಜಿಲ್ಲೆಯ ಎರೆ ಸೀಮೆ ಎಂದರೆ ಸಾಕು. ನಾನು ಮಿಶ್ರಿಕೋಟಿಯವನು, ಭತ್ತದ ಕಡೆಯವನು. ಅಲ್ಲಿಗೆ ವರ್ಗವಾಗಿ ಹೋದ ಮೊದಲ ವರ್ಷ ಆ ಕರಿಮಣ್ಣು ನನ್ನ ಚಪ್ಪಲಿಗಳನ್ನು ಎಷ್ಟು ಸಲ ನುಂಗಿತೋ ಲೆಕ್ಕವಿಲ್ಲ. ನಾನು ಹೋದ ಕೆಲವೇ ತಿಂಗಳಲ್ಲಿ ನೀರಿನ ಕರದ ವಿಷಯಕ್ಕೆ ರೈತರು ಬೀದಿಗಿಳಿದರು. ರಸ್ತೆಗೆ ಅಡ್ಡಲಾಗಿ ಬಂಡಿಗಳು ನಿಂತವು, ಕಿಟಕಿಗಳ ಗಾಜು ಒಡೆದವು, ಕಡೆಗೆ ಗೋಲಿಬಾರೂ ಆಯಿತು. ಕಲ್ಲಪ್ಪ ಎಂಬ ಇಪ್ಪತ್ತಾರು ವರ್ಷದವನು ಸತ್ತ. ಅವನು ಚಳವಳಿಗೆ ಬಂದವನೂ ಅಲ್ಲ, ಎತ್ತಿಗೆ ಹಗ್ಗ ಕೊಳ್ಳಲು ಪೇಟೆಗೆ ಬಂದಿದ್ದ. ಯಾರ ಆಜ್ಞೆ, ಯಾರ ತಪ್ಪು ಎಂಬುದು ನನ್ನ ಟೇಬಲ್ಲಿಗೆ ಬಂದ ವಿಷಯವಲ್ಲ. ನನ್ನ ಟೇಬಲ್ಲಿಗೆ ಬಂದದ್ದು ಆಮೇಲಿನ ಹಾಡುಗಳು.

ನಮ್ಮ ತಹಶೀಲ್ದಾರರು, ಊರವರ ಬಾಯಲ್ಲಿ ಮಾಮ್ಲೇದಾರ ಸಾಹೇಬ್ರು, ಮೈಸೂರು ಕಡೆಯವರು. ಒಳ್ಳೆಯ ಮನುಷ್ಯ. ಗಲಾಟೆಯ ದಿನ ಕಚೇರಿಯ ಹಿಂದಿನ ಬಾಗಿಲಿನಿಂದ ಓಡುವಾಗ ಕನ್ನಡಕ ಕಳೆದುಕೊಂಡಿದ್ದರು, ಅಂದಿನಿಂದ ಸದ್ದು ಎಂದರೆ ಹೆದರುತ್ತಿದ್ದರು. ನಮ್ಮ ಕಡೆಯ ಮಾತು ಅವರಿಗೆ ಅರ್ಧ ಮಾತ್ರ ತಿಳಿಯುತ್ತಿತ್ತು, ತಿಳಿಯದ ಅರ್ಧ ಬೈಗುಳವೇ ಇರಬೇಕೆಂದು ಅವರ ಗುಮಾನಿ. ಒಂದು ಬೆಳಿಗ್ಗೆ ನನ್ನನ್ನು ಕರೆದರು.

"ನೀವು ಶಾಲೆಯಲ್ಲಿ ನಾಟಕ ಮಾಡಿದ್ರಂತೆ?"

"ಒಂದ ಸಲಾ ರಾಣಿ ಪಾರ್ಟ್ ಮಾಡಿದ್ದೆ, ಸರ್."

"ಸಾಕು. ಇನ್ಮೇಲೆ ತಾಲೂಕಲ್ಲಿ ಯಾವ ನಾಟಕ, ಯಾವ ಹಾಡಾದ್ರೂ ಮೊದಲು ಇಲ್ಲಿ ಬರಬೇಕು. ಮೂರು ಪ್ರತಿ. ನೀವು ಓದಿ, ಏನಾದ್ರೂ ಇದ್ರೆ ನನಗೆ ಹೇಳಿ. ನಾನು ತೆಗೀತೀನಿ."

ಹೀಗೆ ನಾನು ಸಾಹಿತ್ಯಕ್ಕೆ ಬಂದೆ.

ಮೊದಲು ಬಂದದ್ದು ಒಂದು ಹಳ್ಳಿಯ ನಾಟಕ. ನಾಟಕದ ಮಾಸ್ತರರು ಎಪ್ಪತ್ತರ ಹತ್ತಿರದವರು, ಹೆಗಲ ಮೇಲೆ ಸದಾ ಹಸಿರು ಶಾಲು. ಕಥೆ ತೀರಾ ಹಳೆಯ ಜಾಡಿನದು: ರಾಜ ವಿಪರೀತ ಕರ ಹಾಕುತ್ತಾನೆ, ಪ್ರಜೆಗಳು ದಂಗೆ ಏಳುತ್ತಾರೆ, ಯುದ್ಧವಾಗುತ್ತದೆ, ಒಳ್ಳೆಯ ರಾಜಕುಮಾರ ಪಟ್ಟಕ್ಕೆ ಬರುತ್ತಾನೆ. ಸಾಹೇಬರು ಎರಡನೇ ಪುಟಕ್ಕೇ ನಿಂತರು.

"ಕರ ಬೇಡ. ತೆಗೀರಿ."

"ಕರಾ ತಗದ್ರ ಮಂದಿ ಯಾಕ ದಂಗೆ ಏಳ್ತಾರ್ರೀ ಸಾಹೇಬ್ರ?" ಎಂದರು ಮಾಸ್ತರರು.

"ಬೇರೆ ಕಾರಣ ಹುಡುಕಿ. ಕರದ ವಿಷಯಕ್ಕೆ ಯಾರೂ ರಾಜನನ್ನ ಬೈಯಬಾರದು."

ಮಾಸ್ತರರು ಮೂರು ದಿನದಲ್ಲಿ ತಿದ್ದಿಕೊಂಡು ಬಂದರು. ಹೊಸ ಕಥೆಯಲ್ಲಿ ರಾಜ ಕರವನ್ನೇ ತೆಗೆದುಕೊಳ್ಳುವುದಿಲ್ಲ. ಪ್ರಜೆಗಳು ಕಣ್ಣೀರು ಹಾಕಿ, "ಪ್ರಭುವೇ, ನಮ್ಮ ಕರವೇಕೆ ನಿಮಗೆ ಒಲ್ಲದಾಯಿತು?" ಎಂದು ಕಾಲಿಗೆ ಬೀಳುತ್ತಾರೆ. ರಾಜ ಒಪ್ಪುವುದಿಲ್ಲ. ಕರ ಕೊಟ್ಟೇ ತೀರುತ್ತೇವೆಂದು ಅವರು ದಂಗೆ ಏಳುತ್ತಾರೆ. ಸಾಹೇಬರು ಬಹಳ ಹೊತ್ತು ಯೋಚಿಸಿದರು. ಆಕ್ಷೇಪಿಸಲು ಏನೂ ಸಿಗಲಿಲ್ಲ. ಸಹಿ ಹಾಕಿದರು.

ಆಯುಧಗಳ ಪಟ್ಟಿ ಠಾಣೆಗೂ ಹೋಗಬೇಕಿತ್ತು. ಅಲ್ಲಿ ನನ್ನಿಂದ ತಪ್ಪಾಯಿತು. ಮಾಸ್ತರರು "ರಟ್ಟಿನ ಖಡ್ಗ ಆರು, ರಟ್ಟಿನ ಫಿರಂಗಿ ಒಂದು" ಎಂದು ಹೇಳಿದ್ದರು. ಊಟದ ಹೊತ್ತಾಗಿತ್ತು, ನಾನು ಅವಸರದಲ್ಲಿ ಎರಡೂ ಕಡೆ ರಟ್ಟನ್ನು ಬಿಟ್ಟು ಬರೆದೆ. ನಾಟಕದ ದಿನ ಹಳ್ಳಿಗೆ ಪೊಲೀಸ್ ವ್ಯಾನು ಬಂತು. ಫಿರಂಗಿ ಹೊರಲು ಆರು ಜನ, ಜೊತೆಗೆ ಹಗ್ಗ. ಹವಾಲ್ದಾರರು ಅದನ್ನು ಎತ್ತಿ ನೋಡಿದರು, ಒಂದೇ ಕೈಯಲ್ಲಿ ಬಂತು. ಆದರೂ ಕಾಗದದಲ್ಲಿ ಫಿರಂಗಿ ಎಂದಿತ್ತಲ್ಲ, ಖಡ್ಗಗಳನ್ನು ಬಿಟ್ಟು ಅದನ್ನಷ್ಟೇ ಜಪ್ತಿ ಮಾಡಿ ತಲೆಯ ಮೇಲಿಟ್ಟುಕೊಂಡು ನಡೆದರು. ಆ ಯುದ್ಧದಲ್ಲಿ ಫಿರಂಗಿಯ ಕೆಲಸವನ್ನು ಒಬ್ಬ ಕುಂಬಾರರವನು ಪರದೆಯ ಹಿಂದೆ ನಿಂತು ಬಾಯಲ್ಲೇ ಮಾಡಿದ. ತಿದ್ದುಪಡಿ ಪತ್ರ ನಾನು ಬರೆದೆ. ಫಿರಂಗಿ ಮರಳಿ ಬರುವುದರೊಳಗೆ ಅದನ್ನು ಇಲಿ ತಿಂದಿತ್ತು.

ಇನ್ನೊಂದು ತೊಡಕು. ರಾತ್ರಿ ಆಟಕ್ಕೆ ನಿಷೇಧ, ಹಗಲೇ ಆಡಬೇಕು. ಐದು ಜನ ಆಯುಧ ಹಿಡಿದು ಒಂದೆಡೆ ಸೇರುವಂತಿಲ್ಲ ಎಂಬ ಆಜ್ಞೆಯೂ ಇತ್ತು. ನೋಡುವವರು ಕುಳಿತಿರುತ್ತಾರೆ, ಅವರ ಚಿಂತೆಯಿಲ್ಲ, ರಂಗದ ಮೇಲಿನವರು ನಿಂತಿರುತ್ತಾರೆ, ಕೈಯಲ್ಲಿ ಖಡ್ಗವೂ ಇರುತ್ತದೆ ಎಂದು ಸಾಹೇಬರು ತೀರ್ಮಾನಿಸಿದರು. ಹಾಗಾಗಿ ಮಟಮಟ ಮಧ್ಯಾಹ್ನ, ಬಣ್ಣ ಕರಗಿ ಮೀಸೆ ಗದ್ದಕ್ಕಿಳಿಯುವ ಬಿಸಿಲಲ್ಲಿ, ಇಬ್ಬರು ಆ ಕಡೆ, ಇಬ್ಬರು ಈ ಕಡೆ ಯುದ್ಧ ಮಾಡಿದರು. ಸತ್ತವರು ಎದ್ದು ಹೋದ ಮೇಲೆ ಇನ್ನೆರಡು ಜೋಡಿ ಬಂತು. ರಾಜ ಐದನೆಯವನಾಗುತ್ತಿದ್ದ, ಆದ್ದರಿಂದ ಅವನು ರಂಗದ ಅಟ್ಟದ ಕೆಳಗೆ ನಿಂತು, ಕಿರೀಟ ಮಾತ್ರ ಕಾಣುವ ಹಾಗೆ, ಕೊಡೆ ಹಿಡಿದು ಅಪ್ಪಣೆ ಕೊಟ್ಟ. ಪ್ರಜೆಗಳು "ನಮ್ಮ ಕರ ತಗೋರಿ ಪ್ರಭುವೇ" ಎಂದು ಅತ್ತಾಗ ಜನ ಜಮಖಾನೆಯ ಮೇಲೆ ಉರುಳಾಡಿ ನಕ್ಕರು. ವೀಕ್ಷಕನಾಗಿ ಹೋಗಿದ್ದ ನಾನು "ಪ್ರದರ್ಶನ ಶಾಂತಿಯುತ" ಎಂದು ವರದಿ ಬರೆದೆ. ಅದು ಸುಳ್ಳಲ್ಲ. ಅಷ್ಟು ನಕ್ಕವರಿಗೆ ಕಲ್ಲು ಎಸೆಯುವ ಶಕ್ತಿ ಉಳಿದಿರಲಿಲ್ಲ.

ಇದಾದ ತಿಂಗಳಿಗೆ ದ್ಯಾಮಪ್ಪ ಬಂದ. ಮೂಲ ಯರಗುಪ್ಪಿ ಕಡೆಯವನು, ಚಿಕ್ಕಂದಿನಿಂದ ನಮ್ಮ ತಾಲೂಕಿನ ಹಳ್ಳಿಯಲ್ಲಿ ಸೋದರಮಾವನ ಮನೆಯಲ್ಲಿದ್ದ. ಗೀಗೀ ಪದ ಹಾಡುವವನು. ಕೈಯಲ್ಲಿ ಚರ್ಮದ ದಪ್ಪು, ಜೊತೆಗೆ ಒಂಟಿ ತಂತಿಯ ತುಂತುಣಿ ಹಿಡಿದ ಇಬ್ಬರು ಹಿಮ್ಮೇಳದವರು. ಮೂರು ಪ್ರತಿ ಎಲ್ಲಿ ಎಂದು ಕೇಳಿದೆ.

"ನಮಗ ಅಕ್ಷರಾ ಬರೂದಿಲ್ರೀ ಕಾರಕೂನ ಸಾಹೇಬ್ರ. ಹಾಡ್ತೀನಿ, ನೀವ ಬರಕೋರಿ."

"ಇಲ್ಲೇ ಹಾಡ್ತೀಯೇನು?"

"ಎಲ್ಲಿ ಹಾಡಿದ್ರ ಏನ್ರಿ, ಹಾಡು ಹಾಡ ಅಲ್ಲೇನ್ರಿ?"

ಹಾಡಿದ. ಪಹಣಿ ತೆಗೆಸಲು ಬಂದವರು ಕೌಂಟರ್ ಬಿಟ್ಟು ಸುತ್ತ ನಿಂತರು. ಟೈಪಿಂಗ್ ನಿಂತಿತು.

ಮಳಿ ಬರಲಿಲ್ಲ ಮೋಡಾ ಬಂತು, ಮೋಡದ ಹಿಂದ ಜೀಪಾ ಬಂತು,
ಜೀಪಿನ ಹಿಂದ ಗುಂಡಾ ಬಂತು, ಕೇಳರಿ ನಮ್ಮವ್ವಗೋಳ್ಯಾ,
ಹಗ್ಗಾ ತರಾಕ ಹೋದ ಕಲ್ಲಪ್ಪ ಹಗ್ಗದ ಮ್ಯಾಲ ಒರಗ್ಯಾನ್ಯಾ...

ಹೀಗೆ ಇಪ್ಪತ್ತೆರಡು ನುಡಿ. ದ್ಯಾಮಪ್ಪ ಕಲ್ಲಪ್ಪನ ಮನೆಯ ಎದುರು ಬದಿಯವನು, ಅವನೊಡನೆ ಬೆಳೆದವನು ಎಂದು ಆಮೇಲೆ ತಿಳಿಯಿತು. ಬರೆಯುತ್ತಾ ಬರೆಯುತ್ತಾ ನನ್ನ ಕೈ ಎರಡು ಸಲ ನಿಂತಿತು. ಸಾಹೇಬರ ಕೈ ನಿಲ್ಲಲಿಲ್ಲ. ಜೀಪು ಸರ್ಕಾರದ ಆಸ್ತಿ, ಅದನ್ನು ತೆಗೆದರು. ಗುಂಡನ್ನು ತೆಗೆದರು. ಒಟ್ಟು ಹದಿನೇಳು ಕಡೆ ಕೆಂಪು ಗೆರೆ ಬಿತ್ತು. ಬದಲಿಗೆ ಏನು ಹಾಕಬೇಕೆಂದು ಅವರೂ ಹೇಳಲಿಲ್ಲ, ನನಗೂ ತೋಚಲಿಲ್ಲ. ಕೆಂಪು ಗೆರೆ ಬಿದ್ದ ಪದಗಳನ್ನು ಒಂದೊಂದಾಗಿ ದ್ಯಾಮಪ್ಪನಿಗೆ ಓದಿ ಹೇಳಿದೆ. ಕಣ್ಣು ಮುಚ್ಚಿ ಕೇಳಿ, "ತಿಳೀತ್ರಿ" ಎಂದು ಹೋದ.

ಸಂತೆಯ ದಿನ ಇಳಿಹೊತ್ತಿಗೆ ಊರ ಅಗಸಿಯಲ್ಲಿ ಹಾಡು. ಅಗಸಿ ಎಂದರೆ ಊರ ಹೆಬ್ಬಾಗಿಲು, ಅಲ್ಲಿ ಐನೂರು ಜನ ನಿಲ್ಲಬಹುದು. ತೆಗೆದ ಪದ ಹಾಡುತ್ತಾನೋ ಇಲ್ಲವೋ ನೋಡಲು ನಾನು ಪ್ರತಿ ಹಿಡಿದು ಮುಂದೆ ಕುಳಿತೆ. ದ್ಯಾಮಪ್ಪ ಒಂದು ಪದವನ್ನೂ ತಪ್ಪಲಿಲ್ಲ. ಕೆಂಪು ಗೆರೆ ಬಿದ್ದ ಕಡೆ ಬಾಯಿ ಮುಚ್ಚಿ ದಪ್ಪಿಗೆ ಒಂದೇ ಪೆಟ್ಟು ಹೊಡೆದ.

ಮೋಡದ ಹಿಂದ ಢಂ ಬಂತು. ಢಂ ಹಿಂದ ಢಂ ಬಂತು.

ಮೊದಲ ಪೆಟ್ಟಿಗೆ ಜನ ಬೆಚ್ಚಿದರು. ಎರಡನೆಯದಕ್ಕೆ ಅರ್ಥವಾಯಿತು. ಮೂರನೆಯದರಿಂದ ಅವನು ಢಂ ಎಂದರೆ ಐನೂರು ಬಾಯಿ ತೆಗೆದ ಪದವನ್ನೇ ಕೂಗುತ್ತಿತ್ತು. ಕಚೇರಿಯಲ್ಲಿ ಕೇಳಿದಾಗ ಅದು ದುಃಖದ ಹಾಡಾಗಿತ್ತು, ಸಾಹೇಬರು ತಿದ್ದಿದ ಮೇಲೆ ಗೋಲಿಬಾರೇ ಆಗಿ ಕೂತಿತ್ತು. ನನ್ನ ವರದಿ ಇಷ್ಟು: "ಗಾಯಕರು ಯಾವ ಆಕ್ಷೇಪಾರ್ಹ ಪದವನ್ನೂ ಉಚ್ಚರಿಸಲಿಲ್ಲ. ಪ್ರೇಕ್ಷಕರು ಉಚ್ಚರಿಸಿದರು."

ಸಾಹೇಬರು ಅದನ್ನು ಓದಿ ತಲೆ ಹಿಡಿದುಕೊಂಡರು. "ಹಾಗಾದ್ರೆ ಹೊಡೆತಕ್ಕೂ ಅನುಮತಿ ಬೇಕು ಕಣ್ರೀ. ಎಲ್ಲಿ ಎಷ್ಟು ಹೊಡೀತಾನೆ, ಬರೆಸಿಕೊಳ್ಳಿ."

ದ್ಯಾಮಪ್ಪ ಮತ್ತೆ ಬಂದು ನನ್ನ ಟೇಬಲ್ಲಿನ ಮುಂದೆ ಕುಳಿತು ಹೊಡೆದ, ನಾನು ಬರೆದೆ. ಢಂ. ಢಂ. ಢಂ ಢಂ. ಕಾರ್ಬನ್ ಕಾಗದ ಇಟ್ಟು ಮೂರು ಪ್ರತಿ. "ಸಾಹೇಬ್ರ, ಅದು ಢಂ ಅಲ್ರಿ, ಢಮ್ಮಕ್ ಅನ್ರಿ, ಬೆರಳ ಜಾಸ್ತಿ ಬಿದ್ದೈತಿ" ಎಂದು ಅವನು ತಿದ್ದಿದಲ್ಲೆಲ್ಲ ನಾನೂ ತಿದ್ದಿ ಚಿಕ್ಕ ಸಹಿ ಹಾಕಿದೆ. ಸರ್ಕಾರಿ ಸೇವೆಯಲ್ಲಿ ನಾನು ಅಷ್ಟು ಎಚ್ಚರದಿಂದ ಬರೆದ ಕಾಗದ ಮತ್ತೊಂದಿಲ್ಲ.

ಆ ವಾರವೇ ತನಿಖೆಗೆ ಜಿಲ್ಲೆಯಿಂದ ದೊಡ್ಡ ಸಾಹೇಬರು ಬಂದರು. ಕಡತ ತೆರೆದರೆ ಮೂರು ಹಾಳೆ ತುಂಬ ಢಂ. ಅವರು ಕಡತ ತಿರುಗಿಸಿಯೂ ನೋಡಿದರು. ಕಡೆಗೆ ದ್ಯಾಮಪ್ಪನನ್ನೇ ಕರೆಸಿದರು.

"ಏನಪ್ಪಾ, ಈ ಢಂ ಅಂದ್ರೆ ಏನು ಅರ್ಥ?"

ದ್ಯಾಮಪ್ಪ ಕೈ ಮುಗಿದು ನಮ್ಮ ಸಾಹೇಬರ ಕಡೆ ತೋರಿಸಿದ. "ಅದು ಇವರ ಪದಾರೀ. ನಂದು ಬ್ಯಾರೆ ಇತ್ತು. ಈ ಹಾಡಿನ್ಯಾಗ ಅರ್ಧಾ ನಾ ಕಟ್ಟಿದ್ದು, ಅರ್ಧಾ ಮಾಮ್ಲೇದಾರ ಸಾಹೇಬ್ರು ಕಟ್ಟಿದ್ದು. ಮಂದಿಗೆ ಅವರದ ಭಾಳ ಸೇರೈತ್ರಿ."

ದೊಡ್ಡ ಸಾಹೇಬರು ನಗಲಿಲ್ಲ. ಹಾಡನ್ನು ಮೊದಲಿನಿಂದ ಓದಿ, ಢಂಗಳನ್ನೆಲ್ಲ ಹಾಗೇ ಬಿಟ್ಟರು. ಅಲ್ಲಿಯವರೆಗೆ ಯಾರೂ ಮುಟ್ಟದ ಒಂದೇ ಪದದ ಮೇಲೆ ಗೆರೆ ಎಳೆದರು: ಕಲ್ಲಪ್ಪ. ವಿಚಾರಣೆ ನಡೆಯುತ್ತಿದೆ, ಅದು ಮುಗಿದು ವರದಿ ಬರುವವರೆಗೆ ಇಂಥವನು ಹೀಗೆ ಸತ್ತ ಎಂದು ಹೆಸರಿಟ್ಟು ಹಾಡುವುದು ಸಲ್ಲದು ಎಂದರು. ಜೊತೆಗೆ ಇನ್ನೊಂದು ಷರತ್ತು: ಹಾಡುವ ಮೊದಲು ಅನುಮತಿ ಪತ್ರವನ್ನು ನೋಡಲು ಬಂದವರೆಲ್ಲರಿಗೂ ಕೇಳುವಂತೆ ಗುಮಾಸ್ತರು ಗಟ್ಟಿಯಾಗಿ ಓದಬೇಕು.

ಅವರು ಹೋದ ಮೇಲೆ ದ್ಯಾಮಪ್ಪ ನನ್ನ ಟೇಬಲ್ಲಿನ ಮೇಲೆ ದಪ್ಪನ್ನು ಮಗುಚಿ ಇಟ್ಟ.

"ಇನ್ನ ನಾ ಹಾಡೂದಿಲ್ರಿ."

"ಅಲ್ಲೋ, ಹದಿನೇಳು ಪದಾ ತಗದಾಗ ಸುಮ್ಮನಿದ್ದಿ. ಇದಕ್ಕೂ ಒಂದ ಪೆಟ್ಟ ಹೊಡದ ಬಿಡು."

"ಹೆಂಗ ಹೊಡೀಲ್ರಿ?" ಎಂದ. ದನಿ ಏರಿಸಲಿಲ್ಲ. "ಜೀಪಿಗೆ ಹೊಡದೆ, ಗುಂಡಿಗೆ ಹೊಡದೆ, ಅಡ್ಡಿಲ್ಲ. ಅವನ ಹೆಸರಿನ ಜಾಗಾದಾಗ ಢಂ ಅಂದ್ರ, ಊರೂರಿಗೆ ಹೋಗಿ ನಾನ ಅವಂಗ ಗುಂಡ ಹೊಡದಂಗ ಆಕ್ಕೈತ್ರಿ."

ನಿಜ ಹೇಳಬೇಕೆಂದರೆ, ಅಲ್ಲಿಯವರೆಗೆ ನನಗೆ ಇದೆಲ್ಲ ತಮಾಷೆಯಾಗಿತ್ತು. ಮನೆಗೆ ಹೋಗಿ ಹೆಂಡತಿಗೆ ಹೇಳಿ ನಗುತ್ತಿದ್ದೆ. ಆ ದಿನ ದಪ್ಪನ್ನು ಎತ್ತಿ ಅವನ ಕೈಗಿಟ್ಟು, ಬಾಗಿಲವರೆಗೆ ಜೊತೆಗೆ ಹೋದೆ.

ಎರಡು ವಾರ ಹಾಡು ನಿಂತಿತು. ಮೂರನೆಯ ವಾರ ಒಬ್ಬ ಮುದುಕಿ ಕಚೇರಿಯ ಮೆಟ್ಟಿಲು ಹತ್ತಿ ಬಂದಳು, ಹಿಂದೆ ದ್ಯಾಮಪ್ಪ. ಕಲ್ಲಪ್ಪನ ತಾಯಿ, ಗಂಗವ್ವ. ನೇರ ಸಾಹೇಬರ ಕೋಣೆಗೆ ಹೋದಳು, ತಡೆಯಬೇಕಾದ ಜವಾನ ಎದ್ದು ದಾರಿ ಬಿಟ್ಟ.

"ನನ್ನ ಮಗನ ಹೆಸರ ಯಾರ ತಗದೀರಿ?"

ಸಾಹೇಬರು ಎದ್ದು ನಿಂತರು. "ನಾನಲ್ಲ ಕಣಮ್ಮ, ಮೇಲಿನವರು... ವಿಚಾರಣೆ ಮುಗಿಯೋವರೆಗೂ..."

ಅವರ ಮಾತು ಆಕೆಗೆ ತಿಳಿಯಲಿಲ್ಲ. ನನ್ನ ಕಡೆ ನೋಡಿದಳು. ನಾನು ನಮ್ಮ ಮಾತಿನಲ್ಲಿ ಹೇಳಿದೆ. ಆಕೆ ತಲೆ ಆಡಿಸಿದಳು.

"ಜಾಂಚ್ ಮಾಡ್ರಿ, ನಾ ಏನ್ ಬ್ಯಾಡ ಅನ್ನಂಗಿಲ್ಲ. ಮನ್ಯಾಗ ಅವನ ಹೆಸರ ತಗದ್ರ ಸೊಸಿ ಅಳ್ತಾಳ, ಊರಾಗ ತಗದ್ರ ಮಂದಿ ಮಾರಿ ತಿರುವ್ತಾರ. ಈ ದ್ಯಾಮ್ಯಾ ಒಬ್ಬ ಗಟ್ಟಿಯಾಗಿ ಅಂತಿದ್ದ. ಅವನ ಬಾಯಿನೂ ಕಟ್ಟಿದ್ರಿ. ಇನ್ನ ಎಲ್ಲಿ ಕೇಳಲಿ ನಾನು?"

ಸಾಹೇಬರು ಕನ್ನಡಕ ತೆಗೆದು ಒರೆಸಿದರು, ಹಾಕಿಕೊಂಡರು, ಮತ್ತೆ ಒರೆಸಿದರು. ಆಮೇಲೆ ನನ್ನನ್ನು ಕೇಳಿದರು.

"ಅನುಮತಿಗೆ ಅರ್ಜಿ ಹಾಡೋನೇ ಕೊಡಬೇಕು ಅಂತ ಎಲ್ಲಾದ್ರೂ ಇದೆಯೇನ್ರೀ?"

"ಇಲ್ಲ ಸರ್. ಯಾರಾದರೂ ಕೊಡಬಹುದು."

"ಅಮ್ಮನ ಹೆಸರಲ್ಲಿ ಬರೀರಿ."

ನಾನು ನಮೂನೆ ತಂದೆ. ಅರ್ಜಿದಾರರ ಹೆಸರು: ಗಂಗವ್ವ. ಮುಂದಿನ ಕಾಲಂ, ತಂದೆ ಅಥವಾ ಗಂಡನ ಹೆಸರು. ಗಂಡನ ಹೆಸರು ಕೇಳಿದೆ.

"ಆ ಹಿರೇಮನಶ್ಯಾ ಹೋಗಿ ಇಪ್ಪತ್ತ ವರ್ಷ ಆತು. ನಾ ಈಗ ಅವನ ಹೇಣತಿ ಅಂತ ಬಂದಿಲ್ಲ. ಮಗನ ಹೆಸರ ಬರೀರಿ."

"ನಮೂನ್ಯಾಗ ಮಗನ ಕಾಲಂ ಇಲ್ಲವ್ವಾ."

ಸಾಹೇಬರು ನಮೂನೆಯನ್ನು ನನ್ನ ಕೈಯಿಂದ ತೆಗೆದುಕೊಂಡರು. ಅಚ್ಚಾದ "ತಂದೆ/ಗಂಡ" ಎಂಬುದಕ್ಕೆ ಗೆರೆ ಹೊಡೆದು, ಮೇಲೆ "ಮಗ" ಎಂದು ಬರೆದು, ತಿದ್ದುಪಡಿಗೆ ಸಹಿ ಹಾಕಿದರು. "ದೊಡ್ಡ ಸಾಹೇಬ್ರು ಹಾಡಲ್ಲಿ ಹೆಸರು ಬೇಡ ಅಂದಿದ್ದಾರೆ. ಅರ್ಜೀಲಿ ಬೇಡ ಅಂತ ಹೇಳಿಲ್ಲ," ಎಂದರು. ನೌಕರಿಯ ಮೇಲೆ ಬರಬಹುದಾದ ವಿಷಯವದು, ಅವರಿಗೂ ಗೊತ್ತಿತ್ತು, ನನಗೂ ಗೊತ್ತಿತ್ತು.

ಮುಂದಿನ ಸಂತೆಯ ದಿನ ಅದೇ ಅಗಸಿ. ಜನ ಹಿಂದಿನದಕ್ಕಿಂತ ಹೆಚ್ಚು. ಷರತ್ತಿನಂತೆ ನಾನು ಕಟ್ಟೆ ಹತ್ತಿ ನಿಂತು ಓದಿದೆ: "ಶ್ರೀಮತಿ ಗಂಗವ್ವ, ಮಗ ಕಲ್ಲಪ್ಪ, ಇವರ ಅರ್ಜಿಯ ಮೇರೆಗೆ ಈ ಕೆಳಗಿನ ಷರತ್ತುಗಳಿಗೊಳಪಟ್ಟು ಗೀಗೀ ಪದ ಹಾಡಲು ಅನುಮತಿ ನೀಡಲಾಗಿದೆ." ಸರ್ಕಾರವೇ ಆ ಹೆಸರು ಹೇಳಿದ್ದನ್ನು ಜನ ಅದೇ ಮೊದಲು ಕೇಳಿದ್ದು.

ದ್ಯಾಮಪ್ಪ ಶುರು ಮಾಡಿದ. ಮೋಡದ ಹಿಂದ ಢಂ, ಢಂ ಹಿಂದ ಢಂ. ಹಗ್ಗಾ ತರಾಕ ಹೋದ... ಅಲ್ಲಿ ದಪ್ಪಿನ ಮೇಲೆ ಅಂಗೈ ಊರಿ ಗಕ್ಕನೆ ನಿಂತ. ಜನ ಬಾಯಿ ತೆರೆಯುವ ಮೊದಲೇ ಕೈ ಎತ್ತಿ ಅವರನ್ನು ತಡೆದು, ನನ್ನ ಕಡೆ ತಿರುಗಿದ.

"ಕಾರಕೂನ ಸಾಹೇಬ್ರ, ಹಿಂದ ಹೊಸಾ ಮಂದಿ ಬಂದಾರ್ರಿ. ಎಲ್ಲಾರಿಗೂ ಕೇಳಬೇಕು ಅಂತ ಹುಕುಂ ಐತಿ. ಓದ್ರಿ."

ಹೌದು, ಇಬ್ಬರು ಬಂದು ನಿಂತಿದ್ದರು. ಎದ್ದು ನಿಂತು ಓದಿದೆ: ಶ್ರೀಮತಿ ಗಂಗವ್ವ, ಮಗ ಕಲ್ಲಪ್ಪ. ಹಿಮ್ಮೇಳದವರು ತುಂತುಣಿ ಮೀಟಿ "ಗೀಯ ಗೀಯ" ಎಂದರು. ಹಾಡು ಮುಂದೆ ಹೋಯಿತು. ಮುಂದಿನ ನುಡಿಯಲ್ಲಿ ಹೆಸರು ಬರುವ ಕಡೆ ಮತ್ತೆ ನಿಂತ. ಎಮ್ಮೆ ಹೊಡೆದುಕೊಂಡು ಒಬ್ಬ ಬರುತ್ತಿದ್ದ. "ಓದ್ರಿ, ಸಾಹೇಬ್ರ." ಓದಿದೆ. ಮೂರನೆಯ ಸಲ ನಾನು ಅವನು ಕರೆಯುವ ಮೊದಲೇ ಎದ್ದು ನಿಂತಿದ್ದೆ. ಐದನೆಯ ಸಲಕ್ಕೆ ನನ್ನ ಓದಿಗೂ ತುಂತುಣಿಗೂ ಹೊಂದಿಕೆ ಬಂದಿತ್ತು, "ಷರತ್ತುಗಳಿಗೊಳಪಟ್ಟು" ಎಂಬ ಪದ ತಾಳಕ್ಕೆ ಸರಿಯಾಗಿ ಬೀಳುತ್ತಿತ್ತು. ಯಾರೂ ನಗಲಿಲ್ಲ. ಜನರ ಗುಂಪಿನಲ್ಲಿ ಹೆಂಗಸರು ಅಳುತ್ತಿದ್ದರು. ಸರ್ಕಾರಿ ಭಾಷೆಗೆ ಜನ ಅಳುವುದನ್ನು ನಾನು ಬೇಕಾದಷ್ಟು ನೋಡಿದ್ದೇನೆ. ಅದರಲ್ಲಿ ತಮ್ಮವನ ಹೆಸರು ಕೇಳಿ ಅತ್ತದ್ದನ್ನು ಮಾತ್ರ ಅದೊಂದೇ ಸಲ ನೋಡಿದ್ದು.

ವರದಿಯಲ್ಲಿ "ಷರತ್ತಿನ ಪ್ರಕಾರ ಅನುಮತಿ ಪತ್ರವನ್ನು ಹನ್ನೊಂದು ಬಾರಿ ಓದಲಾಯಿತು" ಎಂದು ಬರೆದೆ. ಸಾಹೇಬರು ಓದಿ, ಸಹಿ ಮಾಡಿ, "ಗಂಟಲು ನೋವಾ? ಬಿಸಿನೀರು ಕುಡೀರಿ" ಎಂದರು. ಮೂರು ತಿಂಗಳಲ್ಲಿ ಅವರಿಗೆ ವರ್ಗವಾಯಿತು. ಇದೇ ಕಾರಣವೋ ಬೇರೆಯದೋ ತಿಳಿಯದು. ಅವರ ಹಿಂದೆಯೇ ಹಾಡಿನ ಟೇಬಲ್ಲೂ ಹೋಯಿತು, ನಾನು ಮತ್ತೆ ಪಹಣಿಗೆ ಮರಳಿದೆ.

ವರದಿಯಲ್ಲಿ ಬರೆಯದ ಸಂಗತಿಯೊಂದಿದೆ. ಅಂದು ಹಾಡು ಮುಗಿದು ಜನ ಚದುರುವಾಗ ಗಂಗವ್ವ ನನ್ನ ಹತ್ತಿರ ಬಂದು ಕೈ ಚಾಚಿದಳು. ಅನುಮತಿ ಪತ್ರ ಬೇಕಿತ್ತು. ಅದು ಕಡತಕ್ಕೆ ಹೋಗಬೇಕಾದ ಪ್ರತಿ, ಕೊಡುವಂತಿರಲಿಲ್ಲ. ಕೊಟ್ಟೆ.

"ಇದರಾಗ ಎಲ್ಲಿ ಐತ್ರಿ ಅವನ ಹೆಸರು?"

ಆಕೆಯ ಬೆರಳು ಹಿಡಿದು ಅದರ ಮೇಲೆ ಇಟ್ಟೆ. ಆ ಬೆರಳು ತೆಗೆಯದೆಯೇ ಆಕೆ ಇನ್ನೊಂದು ಕೈಯಿಂದ ಕಾಗದ ಮಡಚಿದಳು, ಮಡಿಕೆ ಹೆಸರಿನ ಮೇಲೆ ಬೀಳದ ಹಾಗೆ.